ಬರಹಗಾರರಿಗೆ ಸಲಹೆ: ಆ ಗುರುವಿನ ಕೈಯಲ್ಲಿ ಏನಿತ್ತು?

ಮಾನ್ಯರೇ,

ಫ್ರಾನ್ಸಿನ ಹದಿನಾಲ್ಕನೆಯ ಲೂಯಿಗೆ ನೃತ್ಯ ಕಲಿಸಿದ ಪಿಯರ್ ಬೋಶಾಂ (1631–1705) ಕುರಿತ ನಿಮ್ಮ ಲೇಖನವನ್ನು ಎರಡು ಬಾರಿ ಓದಿದೆ. ವಸ್ತು ನಮ್ಮ ಓದುಗರಿಗೆ ಹೊಸದು, ಭಾಷೆ ಶುದ್ಧವಾಗಿದೆ, ಇಸವಿಗಳೂ ಸರಿಯಾಗಿವೆ. ಆದರೆ ಮೂರನೆಯ ಪುಟದ ಪಾಠದ ಸನ್ನಿವೇಶ ನನ್ನನ್ನು ಇನ್ನೂ ಕಾಡುತ್ತಿರುವುದರಿಂದ ಅದರ ಬಗ್ಗೆಯೇ ಬರೆಯುತ್ತೇನೆ.

‘ಗುರು ಚಪ್ಪಾಳೆ ತಟ್ಟಿದನು’ ಎಂದಿದ್ದೀರಿ. ಆ ಕಾಲದ ನೃತ್ಯಗುರುವಿನ ಕೈಯಲ್ಲಿ ಪೋಶೆಟ್ ಇರುತ್ತಿತ್ತು, ಅಂದರೆ ಉದ್ದನೆಯ ಕೋಟಿನ ಜೇಬಿನಲ್ಲಿ ಹಿಡಿಸುವಷ್ಟು ಸಪೂರವಾದ ಪುಟ್ಟ ಪಿಟೀಲು. ಅದನ್ನು ನುಡಿಸುತ್ತಲೇ ಆತ ಶಿಷ್ಯನ ಪಾದಗಳನ್ನು ಗಮನಿಸಬೇಕಿತ್ತು. ಬೋಶಾಂ ಹುಟ್ಟಿದ್ದೇ ಪಿಟೀಲುವಾದಕರ ಮನೆತನದಲ್ಲಿ. ಅವನ ಕೈಯಿಂದ ವಾದ್ಯವನ್ನು ಕಿತ್ತುಕೊಂಡು ಚಪ್ಪಾಳೆ ತಟ್ಟಿಸಿದರೆ ಅವನ ಅರ್ಧ ಕಸುಬೇ ಹೋಯಿತು.

ಮುಂದಿನ ವಾಕ್ಯ: ‘ಅರಸನು ನವಿಲಿನಂತೆ ಮಿನ್ಯುಯೆಟ್ ನರ್ತಿಸಿದನು.’ ಮಿನ್ಯುಯೆಟ್ ಎಂದರೆ ಆ ಕಾಲದ ಆಸ್ಥಾನದ ಜೋಡಿ ನೃತ್ಯ; ಅದರಲ್ಲಿ ಯಾವ ಕಾಲು ಮೊದಲು ಹೊರಟಿತು? ಮಿನ್ಯುಯೆಟ್‌ನಲ್ಲಿ ಬಲಗಾಲು ಮೊದಲು; ಆರು ಎಣಿಕೆಗಳಲ್ಲಿ ನಾಲ್ಕೇ ಹೆಜ್ಜೆ. ಮೊದಲ ಎಣಿಕೆಗೆ ತುಸು ಮುನ್ನ ಮಂಡಿ ಬಾಗುತ್ತದೆ, ಎಣಿಕೆ ಬೀಳುವಾಗ ದೇಹ ಮೇಲೇಳುತ್ತದೆ. ನಾಲ್ಕು ಹೆಜ್ಜೆಗಳನ್ನು ಆರು ಎಣಿಕೆಗೆ ಹೊಂದಿಸುವ ಆ ಕಷ್ಟದಲ್ಲೇ ಗುರುವಿನ ದಿನಚರಿಯಿದೆ. ನವಿಲು ಅದನ್ನು ಮರೆಮಾಡಿದೆ.

ನಾನು ಪತ್ರಿಕೆಗೆ ಸೇರಿದ ವರ್ಷ ಭರತನಾಟ್ಯದ ಗುರುಗಳೊಬ್ಬರ ಬಗ್ಗೆ ನಾಲ್ಕು ಪುಟ ಬರೆದಿದ್ದೆ. ‘ಕಲಾತಪಸ್ವಿ’ ಎಂಬ ಮಾತು ಅದರಲ್ಲಿ ಐದು ಕಡೆ ಇತ್ತು. ಹಿರಿಯ ಉಪಸಂಪಾದಕರು ಓದಿ, ‘ತಟ್ಟುಕೋಲು ಅವರ ಯಾವ ಕೈಯಲ್ಲಿತ್ತು?’ ಎಂದಷ್ಟೇ ಕೇಳಿದರು. ನನಗೆ ಗೊತ್ತಿರಲಿಲ್ಲ. ಮರುದಿನ ಹೋಗಿ ಒಂದು ಪಾಠವನ್ನು ಪೂರ್ತಿ ಕೂತು ನೋಡಿದೆ. ತಾಳಕ್ಕಾಗಿ ಆ ಕೋಲಿನಿಂದ ತಟ್ಟುವ ತಟ್ಟುಮಣೆಯ ಒಂದು ಮೂಲೆ ಸವೆದು ತಗ್ಗಾಗಿತ್ತು. ಮಗು ತಪ್ಪಿದಾಗ ಗುರುಗಳು ಗದರುತ್ತಿರಲಿಲ್ಲ, ಕೋಲನ್ನು ಸುಮ್ಮನೆ ಮಣೆಯ ಮೇಲೆ ಇಟ್ಟುಬಿಡುತ್ತಿದ್ದರು. ಇಡೀ ತರಗತಿ ತಾನಾಗಿ ನಿಲ್ಲುತ್ತಿತ್ತು. ನನ್ನ ಲೇಖನವನ್ನು ಅಲ್ಲಿಂದ ಮತ್ತೆ ಬರೆದೆ.

ಇನ್ನೊಂದು ನೋವಿನ ಮಾತು. ‘ಕೊನೆಗಾಲದಲ್ಲಿ ಅವನಿಗೆ ಅನ್ಯಾಯವಾಯಿತು’ ಎಂದು ಒಂದೇ ಸಾಲಿನಲ್ಲಿ ಮುಗಿಸಿದ್ದೀರಿ. 1700ರಲ್ಲಿ ಫೊಯ್ಯೆ ಎಂಬ ಮತ್ತೊಬ್ಬ ಗುರು ನೃತ್ಯಲಿಪಿಯ ಪುಸ್ತಕವನ್ನು ಅಚ್ಚು ಹಾಕಿಸಿದ. ಅದರಲ್ಲಿ ಪುಟವೇ ನೆಲ. ಮೇಲೆ ರಾಗದ ಸ್ವರಗಳು, ಕೆಳಗೆ ನರ್ತಕ ಸಾಗುವ ದಾರಿಯ ಗೆರೆ, ಗೆರೆಯ ಉದ್ದಕ್ಕೂ ಎಡಬಲ ಪಾದಗಳ ಗುರುತುಗಳು. ಅರಸನ ಅಪ್ಪಣೆಯಂತೆ ಈ ಲಿಪಿಯನ್ನು ತಾನೇ ರೂಪಿಸಿದ್ದೆಂದು ಬೋಶಾಂ 1704ರಲ್ಲಿ ದೂರು ಕೊಟ್ಟ. ಮುದ್ರಣದ ಹಕ್ಕು ಫೊಯ್ಯೆಯ ಬಳಿಯಿತ್ತು, ದೂರು ಬಿದ್ದುಹೋಯಿತು. ಮರುವರ್ಷ ಬೋಶಾಂ ತೀರಿಕೊಂಡ. ಬದುಕಿಡೀ ಹೆಜ್ಜೆ ಕಲಿಸಿದವನೊಬ್ಬ ಎಪ್ಪತ್ತು ದಾಟಿದ ಮೇಲೆ ಕಾಗದದ ಮೇಲಿನ ಹೆಜ್ಜೆಗಳಿಗಾಗಿ ವ್ಯಾಜ್ಯಕ್ಕೆ ನಿಂತದ್ದನ್ನು ನೀವು ಹೇಗೆ ದಾಟಿ ಹೋದಿರಿ?

ಆ ದೂರಿನಿಂದಲೇ ಲೇಖನವನ್ನು ಆರಂಭಿಸಿ ನೋಡಿ. ಮೂರನೆಯ ಪುಟವನ್ನು ಪೋಶೆಟ್ ಸಮೇತ ಹೊಸದಾಗಿ ಬರೆದು ಕಳುಹಿಸಿ; ಬಂದ ದಿನವೇ ಓದುತ್ತೇನೆ.

ಇಂತು,
ಸಂಪಾದಕ