ಮುಚ್ಚಿದ ಕಾರ್ಖಾನೆಗಳನ್ನು ಕೆಡವದೆ ಉಳಿಸುವುದು ಯಾಕೆ?

ಪಾಳುಬಿದ್ದ ಕಾರ್ಖಾನೆ ಸುಮ್ನೆ ಜಾಗ ಹಿಡಿದಿರುತ್ತದೆ, ಕೆಡವಿದರೆ ಏನು ನಷ್ಟ ಎಂದು ಕೇಳಿದ್ದೀರಿ.

ಜಾಗವೇನೋ ಸಿಗುತ್ತದೆ. ಆದರೆ ಆ ಊರು ಹೀಗೇ ಯಾಕೆ ಬೆಳೆಯಿತು ಅನ್ನುವುದಕ್ಕೆ ಇದ್ದ ಸಾಕ್ಷಿ ಹೋಗಿಬಿಡುತ್ತದೆ. ಕಾರ್ಮಿಕರ ಮನೆಗಳ ಸಾಲು, ರೈಲು ಹಳಿ, ಬೀದಿ ಎಲ್ಲವೂ ಆ ಕಾರ್ಖಾನೆಯ ಚಿಮಣಿಯ ಸುತ್ತಲೇ ಹುಟ್ಟಿದ್ದು, ಅಲ್ವಾ?

ನನಗೆ ತುಂಬಾ ಇಷ್ಟವಾದ ಉದಾಹರಣೆ ಜರ್ಮನಿಯ ಡ್ಯೂಸ್‌ಬರ್ಗ್. ಅಲ್ಲಿನ ಕಬ್ಬಿಣದ ಕಾರ್ಖಾನೆ 1985ರಲ್ಲಿ ಮುಚ್ಚಿತು. ವಿನ್ಯಾಸಕಾರ ಪೀಟರ್ ಲಾಟ್ಸ್ ಅದನ್ನು ಒಡೆಸದೆ ಪಾರ್ಕ್ ಮಾಡಿದರು. ಈಗ ಜನ ಕುಲುಮೆಯ ಮೇಲೆ ಹತ್ತಿ ಊರು ನೋಡುತ್ತಾರೆ. ಅದಿರು ತುಂಬಿಡುತ್ತಿದ್ದ ಕಣಜಗಳ ಗೋಡೆಗಳನ್ನು ಹಗ್ಗ ಹಿಡಿದು ಏರುತ್ತಾರೆ. ಹಳೆಯ ಗ್ಯಾಸ್ ಟ್ಯಾಂಕಿಗೆ ನೀರು ತುಂಬಿಸಿ ಡೈವಿಂಗ್ ಮಾಡುತ್ತಾರೆ. ಅಲ್ಲಿ ನಡೆದಿದ್ದ ಕೆಲಸದ ಗುರುತು ಎಲ್ಲೂ ಅಳಿದಿಲ್ಲ.

ಲಂಡನ್ನಿನ ಬ್ಯಾಂಕ್‌ಸೈಡ್ ವಿದ್ಯುತ್ ಸ್ಥಾವರವೂ ಹೀಗೆಯೇ 2000ರಲ್ಲಿ ಟೇಟ್ ಮಾಡರ್ನ್ ಕಲಾ ಸಂಗ್ರಹಾಲಯವಾಯಿತು. ಆದರೆ ಕಟ್ಟಡ ಉಳಿದ ಮಾತ್ರಕ್ಕೆ ನೆನಪು ಉಳಿಯುವುದಿಲ್ಲ; ಅಲ್ಲಿ ಏನು ಕೆಲಸ ನಡೆಯುತ್ತಿತ್ತು, ಯಾರು ದುಡಿದರು ಅನ್ನುವುದೂ ಜನರಿಗೆ ಗೊತ್ತಾಗಬೇಕು.

ಎಲ್ಲವನ್ನೂ ಉಳಿಸಲು ಆಗುವುದಿಲ್ಲ, ನಿಜ. ಮಣ್ಣಿನಲ್ಲಿ ಸೀಸ, ಟಾರು, ಛಾವಣಿಯಲ್ಲಿ ಕಲ್ನಾರು (ಆಸ್ಬೆಸ್ಟಾಸ್) ಥರದ ಹಾನಿಕರ ವಸ್ತು ಇದ್ದರೆ ಮೊದಲು ಅದನ್ನು ತೆಗೆಯಬೇಕು. ಕೆಡವಲೇಬೇಕಾದರೂ, ಅದಕ್ಕೂ ಮೊದಲು ಫೋಟೊ, ನಕ್ಷೆ ತೆಗೆದಿಡಿ. ಅಲ್ಲಿ ದುಡಿದವರ ಮಾತನ್ನು ರೆಕಾರ್ಡ್ ಮಾಡಿಕೊಳ್ಳಿ. ಅವರಿಗೂ ವಯಸ್ಸಾಗುತ್ತಿದೆ.