ಟ್ರಕ್ ಹತ್ತಿದ ಹೆಂಗಸರು, ದೋಣಿ ತುದಿಯ ಹುಡುಗ

ತಿಪಟೂರಿನಿಂದ ನಿವೃತ್ತ ಮೇಷ್ಟ್ರೊಬ್ಬರು ಬರೆದಿದ್ದಾರೆ: “ಮೊಮ್ಮಗ ಮೊಬೈಲಿನಲ್ಲಿ ಒಂದು ವಿಡಿಯೋ ತೋರಿಸಿದ. ಉದ್ದನೆಯ ದೋಣಿಯ ತುದಿಯಲ್ಲಿ ಕರಿ ಕನ್ನಡಕ ಹಾಕಿಕೊಂಡ ಹುಡುಗನೊಬ್ಬ ಕೈ ಬೀಸಿ ಕುಣಿಯುತ್ತಾನೆ. ಇಂಡೋನೇಷ್ಯಾದವನಂತೆ. ಅಲ್ಲಿಯ ಹಾಡು, ನಾಟಕ, ಸಿನಿಮಾನೂ ಈ ಮೊಬೈಲ್ ನುಂಗಿಬಿಟ್ಟಿತೇ? ಹಳ್ಳಿಯ ಮಾತೆಲ್ಲ ಹೋಗಿ ಹತ್ತು ಸೆಕೆಂಡಿನ ಕುಣಿತ ಉಳಿಯಿತೇ?”

ಮೇಷ್ಟ್ರೇ, ಇಂಡೋನೇಷ್ಯಾದ ಮಟ್ಟಿಗೆ ಕದ್ದವನು ಬೇರೆ, ನೀವು ಹಿಡಿದವನು ಬೇರೆ. ಅಲ್ಲಿ ಹಳ್ಳಿಯ ಮಾತನ್ನು ಮೂಲೆಗೆ ತಳ್ಳಿದ್ದು ಟೀವಿ. ಸರ್ಕಾರಿ ಟೀವಿ ಶುರುವಾದದ್ದು 1962ರಲ್ಲಿ, ಮೊದಲ ಖಾಸಗಿ ಚಾನೆಲ್ ಆರ್‌ಸಿಟಿಐ ಬಂದದ್ದು 1989ರಲ್ಲಿ. ದೊಡ್ಡ ಚಾನೆಲ್‌ಗಳೆಲ್ಲ ಜಕಾರ್ತದವು. ಅವುಗಳ ಧಾರಾವಾಹಿಗೆ ಅಲ್ಲಿ ‘ಸಿನೆಟ್ರಾನ್’ ಅನ್ನುತ್ತಾರೆ. ದೊಡ್ಡ ಬಂಗಲೆ, ಅತ್ತೆಯ ಕಾಟ, ಕಣ್ಣೀರು. ನಮಗೇನೂ ಹೊಸದಲ್ಲ ಬಿಡಿ. ಜಾವಾ ದ್ವೀಪದ ಕೋಟಿಗಟ್ಟಲೆ ಜನರ ಮನೆಮಾತು ಜಾವಾನೀಸ್. ಆದರೆ ಆ ಬಂಗಲೆಯಲ್ಲಿ ಅದರ ರಾಗ ಕೇಳಿಸಿದರೆ ಹೆಚ್ಚಾಗಿ ಕೆಲಸದವಳ ಬಾಯಲ್ಲಿ, ಅದೂ ನಗಿಸೋಕೆ.

ಈಗ ಒಂದು ಟ್ರಕ್ಕಿನ ಕಥೆ ಹೇಳುತ್ತೇನೆ. ‘ತಿಲಿಕ್’ ಅಂತ ಅರ್ಧ ಗಂಟೆಯ ಚಿತ್ರ. ಈ ಜಾವಾನೀಸ್ ಮಾತಿಗೆ ಕಾಯಿಲೆಯವರನ್ನು ನೋಡಿಕೊಂಡು ಬರುವುದು ಎಂದರ್ಥ. ಹಳ್ಳಿಯ ಮುಖ್ಯಸ್ಥೆ ಆಸ್ಪತ್ರೆ ಸೇರಿದ್ದಾರೆ. ಊರ ಹೆಂಗಸರು ಒಂದು ತೆರೆದ ಟ್ರಕ್ ಹತ್ತಿ ಹೊರಡುತ್ತಾರೆ. ದಾರಿಯುದ್ದಕ್ಕೂ ಬು ತೆಜೋ ಅನ್ನುವ ಹೆಂಗಸು ಊರಿನ ಒಬ್ಬ ಹುಡುಗಿಯ ನಡತೆಯ ಬಗ್ಗೆ ಕೊರೆಯುತ್ತಲೇ ಇರುತ್ತಾಳೆ. ಪುರಾವೆ? ಫೋನಿನಲ್ಲಿ ನೋಡಿದ ಫೋಟೊ! ಪೊಲೀಸ್ ಗಾಡಿ ನಿಲ್ಲಿಸಿದರೆ ಅವನಿಗೇ ಬೈಗುಳ. ಆಸ್ಪತ್ರೆಗೆ ಹೋದರೆ ರೋಗಿ ಐಸಿಯುನಲ್ಲಿ, ನೋಡೋಕೆ ಬಿಡಲ್ಲ. ಅಷ್ಟು ದೂರ ಬಂದದ್ದು ಸುಮ್ನೆ ಯಾಕೆ ಹಾಳಾಗಬೇಕು, ಪೇಟೆಗೆ ಹೋಗೋಣ ನಡೀರಿ ಅನ್ನುತ್ತಾಳೆ ಬು ತೆಜೋ. ಮನುಷ್ಯರಾದವರು ‘ಸೊಲೂಟಿಪ್’ ಆಗಿರಬೇಕಂತೆ, ಅಂದರೆ ಏನಾದರೂ ದಾರಿ ಹುಡುಕುವವರಾಗಿರಬೇಕಂತೆ. ‘ಸೊಲೂಟಿಫ್’ ಅನ್ನುವ ನಾಜೂಕು ಪದ ಹಳ್ಳಿಯ ನಾಲಿಗೆಯಲ್ಲಿ ಹೀಗೆ ಹೊರಳಿದೆ.

ಚಿತ್ರ ತಯಾರಾದದ್ದು 2018ರಲ್ಲಿ, ಜಾವಾದ ಯೋಗ್ಯಕರ್ತಾ ಪ್ರಾಂತ್ಯದ ಸಂಸ್ಕೃತಿ ಇಲಾಖೆಯ ಹಣದಿಂದ. ಮಾತೆಲ್ಲ ಜಾವಾನೀಸ್. ಅಂಥದ್ದಕ್ಕೆ ಯಾವ ಥಿಯೇಟರ್, ಯಾವ ಪ್ರೈಮ್ ಟೈಮ್? 2020ರ ಆಗಸ್ಟ್‌ನಲ್ಲಿ ಯೂಟ್ಯೂಬಿಗೆ ಹಾಕಿದರು. ಕೆಲವೇ ವಾರದಲ್ಲಿ ನೋಡಿದವರ ಲೆಕ್ಕ ಕೋಟಿ ದಾಟಿತು. ಬು ತೆಜೋ ಮುಖ ವಾಟ್ಸಾಪ್ ಸ್ಟಿಕರ್ ಆಯಿತು. ಚಾಡಿ ಹೇಳಿದವಳ ಮಾತೇ ಕೊನೆಗೆ ನಿಜ ಅನ್ನುವ ಹಾಗೆ ತೋರಿಸಿದ್ದು ಸರಿಯಾ ಅಂತ ಜಗಳವೂ ಆಯಿತು. ನನಗೂ ಆ ಕೊನೆ ಅಷ್ಟಾಗಿ ಹಿಡಿಸಲಿಲ್ಲ. ಆದರೆ ಟ್ರಕ್ಕಿನ ಮಾತುಕತೆಗಾಗಿ ಎರಡು ಸಲ ನೋಡಿದೆ.

ಹಾಡಿನ ಕಥೆಯೂ ಹೀಗೇ. ದೀದಿ ಕೆಂಪೊತ್ ಸೋಲೋ ಪಟ್ಟಣದವರು, ಫುಟ್‌ಪಾತಿನಲ್ಲಿ ಹಾಡಿ ಹೊಟ್ಟೆ ಹೊರೆದವರು. ಅವರ ಹೆಸರಿನ ‘ಕೆಂಪೊತ್’ ಕೂಡ ಫುಟ್‌ಪಾತ್ ಹಾಡುಗಾರರ ಗುಂಪು ಅನ್ನುವುದರ ಚುಟುಕು ರೂಪ. ರೈಲ್ವೆ ಸ್ಟೇಷನ್ನಿನಲ್ಲಿ ಬಿಟ್ಟುಹೋದ ಹುಡುಗಿ, ಕೊಟ್ಟ ಮಾತು ಮುರಿದ ಹುಡುಗಿ, ಇವೇ ಅವರ ಹಾಡುಗಳು. ಜಾವಾದಿಂದ ಕೂಲಿಗೆ ಹೋಗಿ ನೆಲೆಸಿದವರ ಮಕ್ಕಳಿರುವ ದೂರದ ಸುರಿನಾಮ್‌ನಲ್ಲೂ ಅಭಿಮಾನಿಗಳಿದ್ದರು. ಆದರೆ ಜಕಾರ್ತದ ಕಾಲೇಜು ಹುಡುಗರ ಕಣ್ಣಿಗೆ ಅದು ಅಪ್ಪ-ಅಮ್ಮನ ಕಾಲದ್ದು. 2019ರಲ್ಲಿ ಅವರ ಕಾರ್ಯಕ್ರಮದಲ್ಲಿ ಹುಡುಗರು ಅಳುತ್ತಾ ಹಾಡುವ ವಿಡಿಯೋ ಹರಿದಾಡಿತು. ಜುಲೈನಲ್ಲಿ ಯೂಟ್ಯೂಬಿಗಾಗಿ ಮಾಡಿದ ಒಂದು ಸಂದರ್ಶನ ಅದಕ್ಕೆ ತುಪ್ಪ ಸುರಿಯಿತು. ಐವತ್ತು ದಾಟಿದ ಮನುಷ್ಯ ರಾತ್ರೋರಾತ್ರಿ ‘ಒಡೆದ ಹೃದಯಗಳ ಗಾಡ್‌ಫಾದರ್’ ಆಗಿಬಿಟ್ಟರು! ಅಭಿಮಾನಿಗಳು ತಮ್ಮನ್ನು ‘ಸೋಬತ್ ಅಂಬ್ಯಾರ್’ ಅಂತ ಕರೆದುಕೊಂಡರು. ಅಂಬ್ಯಾರ್ ಅಂದರೆ ಜಾವಾನೀಸಿನಲ್ಲಿ ಚೂರುಚೂರಾದದ್ದು. 2020ರ ಮೇನಲ್ಲಿ, 53ನೇ ವಯಸ್ಸಿಗೆ ಅವರು ತೀರಿಕೊಂಡರು. ಆ ಎರಡನೇ ಹರೆಯ ಸಿಕ್ಕಿದ್ದು ಒಂದೇ ವರ್ಷ.

ಇದೆಲ್ಲ ಯೂಟ್ಯೂಬಿನ ಪವಾಡ ಅಂತಲೂ ಅಲ್ಲ. ನಮ್ಮ ಹಿಂದಿ ಸಿನಿಮಾ ಹಾಡಿನ ನಂಟಿರುವ, ತಬಲಾ ಸದ್ದಿನಿಂದ ಹೆಸರು ಪಡೆದ ‘ದಂಗ್‌ದುತ್’ ಸಂಗೀತದಲ್ಲಿ ಇದು ಮೊದಲೇ ನಡೆದಿತ್ತು. ಪೂರ್ವ ಜಾವಾದ ಇನುಲ್ ದರತಿಸ್ತಾ ಅವರ ಸೊಂಟ ಕುಣಿಸುವ ನೃತ್ಯ ಊರೂರಿಗೆ ಹರಡಿದ್ದು ಕಳ್ಳ ವಿಸಿಡಿಯಲ್ಲಿ. ಟೀವಿ ಆಮೇಲೆ ಹಿಂದೆ ಓಡಿ ಬಂತು. 2003ರಲ್ಲಿ ಆ ಕುಣಿತಕ್ಕೆ ದಂಗ್‌ದುತ್ ರಾಜ ರೋಮಾ ಇರಾಮಾ ಸಿಟ್ಟಾದದ್ದು ಬೇರೆಯೇ ರಾಮಾಯಣ.

ಟೀವಿ ಸತ್ತಿದೆಯಾ? ಇಲ್ಲ, ಆದರೆ ಪೇಚಿಗೆ ಬಿದ್ದಿದೆ. ಇಂಟರ್‌ನೆಟ್ ವಿಡಿಯೋಗೂ ಪ್ರಸಾರ ಕಾನೂನು ಅನ್ವಯಿಸಬೇಕು ಅಂತ ಆರ್‌ಸಿಟಿಐ ಸಂವಿಧಾನ ನ್ಯಾಯಾಲಯಕ್ಕೆ ಹೋಯಿತು. 2021ರ ಜನವರಿಯಲ್ಲಿ ಅರ್ಜಿ ವಜಾ ಆಯಿತು. ಎರಡೇ ತಿಂಗಳಿಗೆ ಅದೇ ಚಾನೆಲ್ ಯೂಟ್ಯೂಬರ್ ಅತ್ತಾ ಹಲಿಲಿಂತಾರ್ ಅವರ ನಿಶ್ಚಿತಾರ್ಥವನ್ನು ನೇರ ಪ್ರಸಾರ ಮಾಡಿತು. ಏಪ್ರಿಲ್‌ನ ಮದುವೆಗೆ ಸಾಕ್ಷಿಯಾಗಿ ಕೂತವರು ದೇಶದ ಅಧ್ಯಕ್ಷರೇ!

ನಿಮ್ಮ ಬೇಸರಕ್ಕೆ ಕಾರಣವೇ ಇಲ್ಲ ಅನ್ನುತ್ತಿಲ್ಲ. 2023ರ ಆರಂಭದಲ್ಲಿ ಲೊಂಬೋಕ್ ದ್ವೀಪದ ವಯಸ್ಸಾದ ಹೆಂಗಸರು ಟಿಕ್‌ಟಾಕ್ ಲೈವ್‌ನಲ್ಲಿ ಗಂಟೆಗಟ್ಟಲೆ ಕೆಸರು ನೀರಲ್ಲಿ ಕೂತು ಮೈಮೇಲೆ ಸುರಿದುಕೊಳ್ಳುತ್ತಿದ್ದರು. ನೋಡುವವರು ಕಳಿಸುವ ‘ಗಿಫ್ಟ್’ ಕಾಸಿಗಾಗಿ. ಕೊನೆಗೆ ಮಂತ್ರಿಗಳೇ ಸುತ್ತೋಲೆ ಹೊರಡಿಸಬೇಕಾಯಿತು. ಇದನ್ನು ಮನರಂಜನೆ ಅನ್ನೋಕೆ ನಾಲಿಗೆ ಬರುವುದಿಲ್ಲ.

ಇನ್ನು ನಿಮ್ಮ ಮೊಮ್ಮಗನ ದೋಣಿ ಹುಡುಗ. 2025ರಲ್ಲಿ ಜಗತ್ತೆಲ್ಲ ಸುತ್ತಿದ ಆ ವಿಡಿಯೋ ಸುಮಾತ್ರಾದ ರಿಯಾವು ಪ್ರಾಂತ್ಯದ್ದು. ಅದು ರೀಲ್ಸ್‌ಗಾಗಿ ಹುಟ್ಟಿದ ಕುಣಿತ ಅಲ್ಲ, ಮೇಷ್ಟ್ರೇ. ‘ಪಾಚು ಜಾಲೂರ್’ ಅನ್ನುವ ಹಳೆಯ ದೋಣಿ ಓಟದ ಭಾಗ. ಒಂದೇ ಮರದ ದಿಮ್ಮಿ ಕೊರೆದು ಮಾಡಿದ ದೋಣಿಯಲ್ಲಿ ಹತ್ತಾರು ಜನ ಕೂತು ಹುಟ್ಟು ಹಾಕುತ್ತಾರೆ. ತಮ್ಮ ದೋಣಿ ಮುಂದಿದ್ದರೆ ತುದಿಯಲ್ಲಿರುವ ಹುಡುಗ ಕುಣಿಯುತ್ತಾನೆ. ಅಲ್ಲಿ ಮಗುವನ್ನೇ ನಿಲ್ಲಿಸುವುದು ಯಾಕೆ ಅಂದರೆ ಭಾರ ಕಡಿಮೆ, ಓಟಕ್ಕೆ ಅಡ್ಡಿಯಾಗಲ್ಲ. ದೊಡ್ಡ ಓಟ ಆಗಸ್ಟ್‌ನಲ್ಲಿ, ಕುವಾಂತನ್ ನದಿಯಲ್ಲಿ. ಮೊಮ್ಮಗನಿಗೆ ಪೂರ್ತಿ ಓಟದ ವಿಡಿಯೋ ಹುಡುಕಿ ಕೊಡಲು ಹೇಳಿ. ದಡದಲ್ಲಿ ನಿಂತವರ ಕೂಗಾಟವನ್ನೂ ಕೇಳಿ.

— ಸಂಪಾದಕ