ವೆರಿಟಿ ಲ್ಯಾಂಬರ್ಟ್ ಹೆಸರು ಕೇಳಿದ್ದೀರಾ?

ಯಾರೂ ಹೆಸರು ನೆನಪಿಟ್ಟುಕೊಳ್ಳದ, ಆದರೆ ನಾವು ತಿಳಿದಿರಲೇಬೇಕಾದ ಟಿವಿ ನಿರ್ಮಾಪಕರು ಯಾರು ಅಂತ ಕೇಳಿದ್ದೀರಿ. ನನ್ನ ಉತ್ತರ ಇಂಗ್ಲೆಂಡಿನ ವೆರಿಟಿ ಲ್ಯಾಂಬರ್ಟ್. ಬಿಬಿಸಿಯ ‘ಡಾಕ್ಟರ್ ಹೂ’ ಅನ್ನೋ ವೈಜ್ಞಾನಿಕ ಕಲ್ಪನೆಯ ಧಾರಾವಾಹಿಯ ಮೊದಲ ನಿರ್ಮಾಪಕಿ. ಅದನ್ನು ಬಿಡದೆ ನೋಡುವ ನನ್ನ ಸ್ನೇಹಿತರಿಗೂ ಈಕೆ ಗೊತ್ತಿಲ್ಲ.

ಆಗ ಅಲ್ಲಿ ಟಿವಿ ನಾಟಕಗಳು ಎಷ್ಟೋ ಸಲ ನೇರ ಪ್ರಸಾರವೇ ಆಗುತ್ತಿದ್ದವು. 1958ರ ನವೆಂಬರ್ 30ರ ರಾತ್ರಿ ‘ಅಂಡರ್‌ಗ್ರೌಂಡ್’ ಅನ್ನೋ ನಾಟಕ ನಡೀತಾ ಇತ್ತು. ಎರಡು ದೃಶ್ಯಗಳ ನಡುವೆ ಗ್ಯಾರೆತ್ ಜೋನ್ಸ್ ಎಂಬ ನಟ ಕುಸಿದು ಬಿದ್ದು ತೀರಿಕೊಂಡರು. ನಾಟಕ ನಿಲ್ಲಿಸಲಿಲ್ಲ. ನಿರ್ದೇಶಕ ಟೆಡ್ ಕೊಟ್ಚೆಫ್ ಉಳಿದ ನಟರನ್ನು ಹೇಗೋ ಸರಿದೂಗಿಸಲು ಸ್ಟುಡಿಯೋಗೆ ಇಳಿದು ಹೋದರು. ಕಂಟ್ರೋಲ್ ರೂಮಲ್ಲಿ ಕೂತು ಕ್ಯಾಮೆರಾಗಳನ್ನು ನಡೆಸಿದ್ದು ಅಸಿಸ್ಟೆಂಟ್ ಆಗಿದ್ದ ವೆರಿಟಿ. ಆಕೆಗೆ 23 ತುಂಬಿ ಮೂರೇ ದಿನ ಆಗಿತ್ತು. ಆ ವಯಸ್ಸಿಗೆ ಎಂಥ ಧೈರ್ಯ ಅಲ್ವಾ!

1963ರಲ್ಲಿ ಬಿಬಿಸಿ ನಾಟಕ ವಿಭಾಗದ ಮುಖ್ಯಸ್ಥ ಸಿಡ್ನಿ ನ್ಯೂಮನ್ ‘ಡಾಕ್ಟರ್ ಹೂ’ ನಿರ್ಮಿಸಲು ಆಕೆಯನ್ನು ಅಲ್ಲಿಗೆ ಕರೆತಂದರು. ಆಗ ಅಲ್ಲಿನ ನಾಟಕ ವಿಭಾಗದಲ್ಲಿ ಇದ್ದ ಒಬ್ಬಳೇ ಮಹಿಳಾ ನಿರ್ಮಾಪಕಿ ಈಕೆ. ಮೊದಲ ಕಂತಿನ ನಿರ್ದೇಶಕ ವಾರಿಸ್ ಹುಸೇನ್, ಲಕ್ನೋದಲ್ಲಿ ಹುಟ್ಟಿದ ಹುಡುಗ, ಆಕೆಗಿಂತಲೂ ಚಿಕ್ಕವರು. ಆ ಕಂತು ನ್ಯೂಮನ್‌ಗೆ ಹಿಡಿಸಲಿಲ್ಲ. ಪೂರ್ತಿ ಮತ್ತೆ ಚಿತ್ರೀಕರಿಸಬೇಕಾಯಿತು.

ಎರಡನೇ ಕತೆಯಲ್ಲಿ ಡಾಲೆಕ್‌ಗಳು ಬಂದವು, ಅಂದರೆ ಲೋಹದ ಕವಚದೊಳಗೆ ಇರುವ, ರೋಬೋಟಿನಂತೆ ಕಾಣುವ ಅನ್ಯಗ್ರಹದ ಶತ್ರುಗಳು. ಸುಮ್ನೆ ಹೆದರಿಸುವ ವಿಚಿತ್ರ ಪ್ರಾಣಿಗಳು ಬೇಡ ಅಂತ ನ್ಯೂಮನ್ ಮೊದಲೇ ಹೇಳಿದ್ದರು. ಸ್ಕ್ರಿಪ್ಟ್ ಓದಿದ ಇನ್ನೊಬ್ಬ ಮೇಲಧಿಕಾರಿ ಇದನ್ನು ಮಾಡಬೇಡಿ ಎಂದರು. ವೆರಿಟಿ ಜಗ್ಗಲಿಲ್ಲ. ಬೇರೆ ಸ್ಕ್ರಿಪ್ಟೂ ತಯಾರಿರಲಿಲ್ಲ ಅನ್ನೋದು ನಿಜ. ಆದರೆ ಆಕೆಗೆ ಆ ಕತೆಯ ಮೇಲೆ ನಂಬಿಕೆ ಇತ್ತು. ಪ್ರಸಾರವಾದ ಮೇಲೆ ಮಕ್ಕಳೆಲ್ಲ ಡಾಲೆಕ್ ಆಟ ಆಡತೊಡಗಿದರು. ಈ ಧಾರಾವಾಹಿ ನನಗಿಂತ ನಿಮಗೇ ಚೆನ್ನಾಗಿ ಗೊತ್ತು ಅಂತ ಆ ಮೇಲಧಿಕಾರಿಯೇ ಒಪ್ಪಿಕೊಂಡರು. ನಿರ್ಮಾಪಕ ಅಂದರೆ ದುಡ್ಡು ಹಾಕುವವರು ಅಂದುಕೊಂಡಿದ್ದೆ ನಾನು. ಬರೆದವರ ಪರ ನಿಂತು ಮೇಲಿನವರಿಗೆ ಉತ್ತರ ಕೊಡೋದೂ ಅವರ ಕೆಲಸ ಅಂತ ತಿಳಿದದ್ದು ಈ ಕತೆಯಿಂದ.

1965ರಲ್ಲಿ ವೆರಿಟಿ ‘ಡಾಕ್ಟರ್ ಹೂ’ ಬಿಟ್ಟರು. ಆಮೇಲೆ ಥೇಮ್ಸ್ ಟೆಲಿವಿಷನ್ನಿನ ನಾಟಕ ವಿಭಾಗದ ಮುಖ್ಯಸ್ಥೆ, 1985ರಲ್ಲಿ ತಮ್ಮದೇ ಕಂಪನಿ. ಆಕೆಯ ಧಾರಾವಾಹಿಗಳಲ್ಲಿ 1992ರ ‘ಎಲ್ಡೊರಾಡೊ’ ನೆಲಕಚ್ಚಿತು, ‘ಜೊನಾಥನ್ ಕ್ರೀಕ್’ ಚೆನ್ನಾಗಿ ಓಡಿತು. 2007ರ ನವೆಂಬರ್ 22ರಂದು ತೀರಿಕೊಂಡರು. ಮರುದಿನಕ್ಕೆ ‘ಡಾಕ್ಟರ್ ಹೂ’ ಶುರುವಾಗಿ 44 ವರ್ಷ.

ಸಿಕ್ಕರೆ ಆ ಡಾಲೆಕ್ ಕತೆಯ ಮೊದಲ ಕಂತನ್ನು ನೋಡಿ. ಕೊನೆಯಲ್ಲಿ ಡಾಲೆಕ್ ಕಾಣುವುದೇ ಇಲ್ಲ. ಅದರ ತೋಳಿನ ತುದಿ ಮಾತ್ರ ನಿಧಾನವಾಗಿ ಮುಂದೆ ಬರುತ್ತದೆ, ಗೋಡೆಗೆ ಒರಗಿ ನಿಂತ ಹೆಂಗಸು ಚೀರುತ್ತಾಳೆ.